ಎಡಗೈಯಲ್ಲಿ ಕೊಟ್ಟ ನೀರು

ಅವ್ವ ಏನಾದರೂ ಹೇಳಲು ಬಾಯಿ ತೆರೆದರೆ ನನ್ನ ಸೋದರಮಾವಂದಿರು ಒಬ್ಬರ ಮುಖ ಒಬ್ಬರು ನೋಡಿಕೊಂಡು, "ಸುರು ಆತು ನೋಡ್ರಿ ಎಡಗೈ ಸಿನಿಮಾ" ಎನ್ನುತ್ತಿದ್ದರು. ನಲ್ಲಿಯಲ್ಲಿ ನೀರು ಬಂದಿಲ್ಲ ಎಂದರೂ, ಬಸ್ಸು ತಪ್ಪಿತು ಎಂದರೂ ಅದೇ ಮಾತು. ಚಿಕ್ಕವಳಿದ್ದಾಗ ನಾನು ಅದನ್ನು ಗಾದೆ ಎಂದೇ ತಿಳಿದಿದ್ದೆ. ಶಾಲೆಯಲ್ಲಿ ಒಮ್ಮೆ ಸುಳ್ಳು ಹೇಳಿದ ಗೆಳತಿಗೆ ಹಾಗೆ ಅಂದೆ. ಅವಳಿಗೆ ಅರ್ಥವೇ ಆಗಲಿಲ್ಲ. ಅದು ನಮ್ಮ ಮನೆಯೊಳಗಷ್ಟೇ ನಡೆಯುವ ಮಾತು ಎಂದು ಆಗ ಗೊತ್ತಾಯಿತು.

ಆ ಮಾತಿನ ಹಿಂದಿನ ಕಥೆಯನ್ನು ನಾನು ಕಂಡವಳಲ್ಲ, ಅವ್ವನ ಬಾಯಿಂದ ಕೇಳಿದವಳು. ಅವ್ವನಿಗೆ ಏಳೋ ಎಂಟೋ ವಯಸ್ಸು. ಧಾರವಾಡದ ಕಡೆಯ ಊರು. ಅವಳ ಸೋದರತ್ತೆ ಸಣ್ಣ ವಯಸ್ಸಿನಲ್ಲೇ ಗಂಡನನ್ನು ಕಳೆದುಕೊಂಡು, ತಲೆ ಬೋಳಿಸಿಕೊಂಡು, ಕೆಂಪು ಸೀರೆ ಉಟ್ಟು ಅಣ್ಣನ ಮನೆಯ ಅಡುಗೆಮನೆಯಲ್ಲಿ ಇದ್ದಳು. ಊರಿಗೆ ಡೇರೆ ಸಿನಿಮಾ ಬಂದಿತ್ತು, ಇನ್ನೂ ಮಾತಿಲ್ಲದ ಮೂಕಿ ಚಿತ್ರ. ಒಂದು ಸಂಜೆ ಅತ್ತೆ ಹನುಮಪ್ಪನ ಗುಡಿಗೆ ಹೋಗಿ ಬರುತ್ತೇನೆಂದು ಹೇಳಿ, ಅವ್ವನ ಕೈ ಹಿಡಿದುಕೊಂಡು ಡೇರೆಗೆ ಹೋದಳು. ಅಂಥ ಹೆಂಗಸು ಸಿನಿಮಾಕ್ಕೆ ಹೋಗುವುದನ್ನು ಆ ಮನೆಯಲ್ಲಿ ಯಾರೂ ಊಹಿಸಿಯೂ ಇರಲಿಲ್ಲ.

ಮರುದಿನ ಊಟದ ಹೊತ್ತಿಗೆ ಅವ್ವನಿಗೆ ತಡೆಯಲಾಗಲಿಲ್ಲ. "ಅಣ್ಣಾ, ಒಬ್ಬಾಕಿ ರಾಜಾಗ ಎಡಗೈಲೇ ನೀರು ಕೊಟ್ಲು!" ಎಂದಳು. ಅವಳು ಅಣ್ಣ ಎಂದು ಕರೆಯುತ್ತಿದ್ದದ್ದು ತನ್ನ ಅಪ್ಪನನ್ನು, ಅಂದರೆ ನನ್ನ ಅಜ್ಜನನ್ನು. ಅಜ್ಜ ತುತ್ತು ನಿಲ್ಲಿಸಿ, ಎಲ್ಲಿ ನೋಡಿದೆ ಎಂದು ಕೇಳಿದರು. ಸಿನಿಮಾದಲ್ಲಿ, ಅತ್ತೆಯ ಜೊತೆ, ಎಂದಳು ಅವ್ವ. ಬಡಿಸುತ್ತಿದ್ದ ಅತ್ತೆ ಕೈಯಲ್ಲಿದ್ದ ಸೌಟನ್ನು ಕೆಳಗಿಡದೆಯೇ, "ನಾ ಗುಡಿಗೆ ಹೋಗಿದ್ದೆ. ಹುಡುಗಿ ಕನಸು ಕಂಡಿರಬೇಕು" ಎಂದಳು. ಅಜ್ಜ ನಕ್ಕುಬಿಟ್ಟರು. ಬಾಯಾರಿ ಬಂದವನಿಗೆ ಎಡಗೈಯಲ್ಲಿ ನೀರು ಕೊಡುವ ಹೆಂಗಸನ್ನು ಯಾವ ಸಿನಿಮಾದವನು ತೋರಿಸುತ್ತಾನೆ? ಅಲ್ಲಿಗೆ ತೀರ್ಮಾನವಾಯಿತು. ಅತ್ತೆ ಉಳಿದಳು, ಅವ್ವ ಸುಳ್ಳಿಯಾದಳು. ಅತ್ತೆ ಸಾಯುವ ತನಕ ಒಪ್ಪಿಕೊಳ್ಳಲಿಲ್ಲ.

ತೊಂಬತ್ತರ ದಶಕದ ನಡುವೆ ಅವ್ವ ನಮ್ಮ ಮನೆಗೆ ಬಂದು ಕೆಲವು ತಿಂಗಳು ಇದ್ದಳು. ಮೇರಿಲ್ಯಾಂಡಿನಲ್ಲಿ ನಮ್ಮದು ಎರಡನೆಯ ಮಹಡಿಯ ಅಪಾರ್ಟ್‌ಮೆಂಟು. ನನ್ನ ಗಂಡ ಮೆಟ್ರೋ ಹಿಡಿದು ವಾಷಿಂಗ್ಟನ್ನಿನ ಕಚೇರಿಗೆ ಹೋಗುತ್ತಿದ್ದರು. ನನಗೆ ಕೆಲಸ ಮಾಡಲು ವೀಸಾ ಇರಲಿಲ್ಲ. ಹಗಲೆಲ್ಲ ನಾನು ಮತ್ತು ಅವ್ವ, ಇಬ್ಬರೇ.

ಶುಕ್ರವಾರ ಸಂಜೆ ಮಾತ್ರ ಒಬ್ಬ ಹುಡುಗಿ ಬರುತ್ತಿದ್ದಳು. ಬೆಂಗಳೂರಿನವಳು. ನಗರದ ಒಂದು ವಿಶ್ವವಿದ್ಯಾಲಯದಲ್ಲಿ ಹಳೆಯ ಸಿನಿಮಾಗಳ ಮೇಲೆ ಪಿಎಚ್‌ಡಿ ಮಾಡುತ್ತಿದ್ದಳು. ಕನ್ನಡ ಸಂಘದ ಯುಗಾದಿ ಊಟದಲ್ಲಿ, ಶಾಲೆಯೊಂದರ ಕೆಫೆಟೀರಿಯಾದ ಸಾಲಿನಲ್ಲಿ ನನ್ನ ಹಿಂದೆ ನಿಂತು, "ಅಕ್ಕ, ಒಬ್ಬಟ್ಟು ಇನ್ನೊಂದು ಕೇಳಿದ್ರೆ ಬೈತಾರಾ?" ಎಂದಿದ್ದಳು. ಅಂದಿನಿಂದ ನನಗೆ ತಂಗಿ. ನಮ್ಮ ಸೋಫಾದ ಮೇಲೆ ಮಲಗುತ್ತಿದ್ದಳು, ನಮ್ಮ ವಾಷಿಂಗ್ ಮೆಷೀನಿನಲ್ಲಿ ಬಟ್ಟೆ ಒಗೆದುಕೊಳ್ಳುತ್ತಿದ್ದಳು. ನನ್ನ ಗಂಡ ಅವಳನ್ನು ಛೇಡಿಸುತ್ತಿದ್ದರು: "ಏನಮ್ಮಾ, ಸಿನಿಮಾ ನೋಡೋದಕ್ಕೂ ಡಾಕ್ಟರೇಟ್ ಕೊಡ್ತಾರಾ? ಹಾಗಾದ್ರೆ ನಮ್ಮಪ್ಪಂಗೆ ಮೂರು ಬರ್ಬೇಕಿತ್ತು."

ಅವಳು ಓದುತ್ತಿದ್ದುದು ಕೈಗಳನ್ನು. ಮೂಕಿ ಚಿತ್ರಗಳಲ್ಲಿ ಮುಖ ದೂರದಲ್ಲಿರುತ್ತದೆ, ಕ್ಯಾಮೆರಾ ನಾಟಕ ನೋಡುವವನಂತೆ ಒಂದೇ ಕಡೆ ಕೂತಿರುತ್ತದೆ, ಆದ್ದರಿಂದ ಕಥೆಯನ್ನೆಲ್ಲ ಕೈ ಹೇಳಬೇಕು ಎನ್ನುತ್ತಿದ್ದಳು. ಅನ್ನ ಕಲಸುತ್ತಲೇ ನಮಗೆ ಆಡಿ ತೋರಿಸುತ್ತಿದ್ದಳು: ಎದೆಯ ಮೇಲೆ ಅಂಗೈ ಇಟ್ಟರೆ ಆಣೆ, ಹಣೆಗೆ ಮುಂಗೈ ಒತ್ತಿದರೆ ದೈವ ಕೈಬಿಟ್ಟಿತು, ತೋರುಬೆರಳು ಬಾಗಿಲ ಕಡೆ ಹೋದರೆ ಮನೆಯಿಂದ ಹೊರಗೆ. ಅವ್ವ ನೋಡಿ ನೋಡಿ ನಕ್ಕು, "ಇದೆಲ್ಲಾ ನಮ್ಮ ಮನ್ಯಾಗ ದಿನಾ ನಡೀತಿತ್ತಲ್ಲ ತಂಗಿ, ಅದಕ್ಕ ಯಾಕ ಸಿನಿಮಾ?" ಎಂದಳು.

ಒಂದು ಶುಕ್ರವಾರ ಆ ಹುಡುಗಿ ತನ್ನ ಹತ್ತಿರವಿದ್ದ ಒಂದು ತುಂಡು ಚಿತ್ರದ ಕಥೆ ಹೇಳಿದಳು. ಒಬ್ಬ ಕುಂಬಾರನ ಹೆಂಡತಿ. ವೇಷ ಮರೆಸಿಕೊಂಡ ರಾಜ ಬಾಯಾರಿ ಬಾವಿಯ ಹತ್ತಿರ ಬರುತ್ತಾನೆ. ಅವಳು ಮಣ್ಣಿನ ಬಟ್ಟಲಲ್ಲಿ ನೀರು ಕೊಡುತ್ತಾಳೆ. ಅವನು ಖಾಲಿ ಬಟ್ಟಲಿನಲ್ಲಿ ಉಂಗುರ ಇಟ್ಟು ಹೋಗುತ್ತಾನೆ. ಗಂಡ ಉಂಗುರ ನೋಡಿ ಅನುಮಾನಪಡುತ್ತಾನೆ. ಹೆಂಡತಿ ಮಡಕೆ ಸುಡುವ ಆವಿಗೆಯ ಬೆಂಕಿಗೆ ಕೈ ಇಡುತ್ತಾಳೆ...

"ಬೆಂಕಿ ಹೂವಾಗತದ" ಎಂದಳು ಅವ್ವ.

ಹುಡುಗಿ ತಟ್ಟೆ ಕೆಳಗಿಟ್ಟಳು. "ಅಮ್ಮ, ನಿಮಗೆ ಹೇಗೆ ಗೊತ್ತು? ಈ ಫಿಲ್ಮ್ ನೋಡಿರೋರು ಯಾರೂ ಉಳಿದಿಲ್ಲ ಅಂದ್ಕೊಂಡಿದ್ದೆ!"

"ಅದೇ ಸಿನಿಮಾ" ಎಂದಳು ಅವ್ವ, ಅವಳ ಕಡೆಗಲ್ಲ, ನನ್ನ ಕಡೆ ತಿರುಗಿ. ಅರವತ್ತು ವರ್ಷಕ್ಕೂ ಮಿಕ್ಕಿ ಜನ ನಗುತ್ತ ಬಂದ ಚಿತ್ರ ನಿಜವಾಗಿಯೂ ಇತ್ತು. ಅದನ್ನು ನೋಡಿದರೆ ಒಂದು ಮಾತು ಇತ್ಯರ್ಥವಾಗುತ್ತಿತ್ತು. ಅವ್ವನಿಗೆ ಬೇಕಾದದ್ದು ಅಷ್ಟೇ: ತಾನು ಕಂಡದ್ದನ್ನೇ ಹೇಳಿದ್ದೆ ಎಂಬುದು.

ಮುಂದಿನ ವಾರ ಅವಳು ಭಾರತದಿಂದ ತರಿಸಿದ ಕ್ಯಾಸೆಟ್ಟನ್ನು ಇಲ್ಲಿನ ವಿಸಿಆರ್‌ಗೆ ಹೊಂದುವಂತೆ ಬದಲಾಯಿಸಿಕೊಂಡು ತಂದಳು. ಜೊತೆಗೆ ಒಂದು ಟೇಪ್ ರೆಕಾರ್ಡರ್. ಚಿತ್ರ ಹಾಕುವ ಮೊದಲು ಅವ್ವನ ನೆನಪು ಬೇಕು ಎಂದಳು. ಅವ್ವ ಹೇಳಿದಳು. "ಎಡಗೈಲೇ ಕೊಟ್ಲು. ನಾ ಕಣ್ಣಾರೆ ನೋಡೀನಿ. ನಮ್ಮ ಅತ್ತಿ ಸುದ್ದಾ 'ಸಿನಿಮಾದವರಿಗೆ ರೀತಿ ರಿವಾಜಿಲ್ಲ' ಅಂತ ಬೈದ್ಲು."

ಆಮೇಲೆ ಚಿತ್ರ ಹಾಕಿದೆವು. ಗೀರುಗಳ ಮಳೆಯ ಹಿಂದೆ ಬಾವಿ ಕಾಣಿಸಿತು, ಬಟ್ಟೆಯ ಮೇಲೆ ಬರೆದ ಬೆಟ್ಟ ಕಾಣಿಸಿತು. ಕುಂಬಾರನ ಹೆಂಡತಿಯ ಪಾತ್ರ ಮಾಡಿದವನು ಗಂಡಸು. ಮಣಿಕಟ್ಟು ನೋಡಿದರೆ ತಿಳಿಯುತ್ತಿತ್ತು. ರಾಜ ಬಂದ. ಅವಳು ಬಟ್ಟಲು ತುಂಬಿದಳು. ಕೊಟ್ಟಳು. ಬಲಗೈಯಲ್ಲಿ.

ಹುಡುಗಿ ರಿಮೋಟಿನಿಂದ ಹಿಂದಕ್ಕೆ ತಿರುಗಿಸಿ ಮತ್ತೆ ಹಾಕಿದಳು. ಬಲಗೈ.

ಅವ್ವ ಸೆರಗಿನಿಂದ ಕನ್ನಡಕ ಒರೆಸಿಕೊಂಡಳು. ನನ್ನ ಗಂಡ, "ಅತ್ತೆ, ಅಷ್ಟು ವರ್ಷ ಆಯ್ತು, ಚಿಕ್ಕ ಮಗು ಬೇರೆ..." ಎಂದು ಶುರುಮಾಡಿದವರು ಅವಳ ಮುಖ ನೋಡಿ ಸುಮ್ಮನಾದರು. ಸಮಾಧಾನದ ಮಾತೇ ಆದರೂ ಅದೂ ಮಾವಂದಿರ ಮಾತಿನ ಜಾತಿಯದೇ ಆಗಿತ್ತು.

ಪರದೆಯ ಮೇಲೆ ಬರಹದ ಕಾರ್ಡು ಬಂತು. ಒಂದು ಸಾಲು ಇಂಗ್ಲಿಷು, ಕೆಳಗೆ ನಾಗರಿ ಲಿಪಿಯಲ್ಲಿ ಹಿಂದಿ. ಅವ್ವ ನಾಗರಿಯನ್ನು ಸರಾಗವಾಗಿ ಓದಿದಳು. ಓದಿ, ನಿಲ್ಲಿಸಿ, "ಅವತ್ತ ನನಗಿದು ಓದಾಕ ಬರಲಿಲ್ಲ" ಎಂದಳು.

"ಚಿಕ್ಕವರಿದ್ರಲ್ಲ ಅಮ್ಮ."

"ಹಂಗಲ್ಲ ತಂಗಿ. ಈ ನಾಗರಿ, ಬಾಲಬೋಧ ಅಕ್ಷರ, ಅಣ್ಣ ಅದೇ ವರ್ಷ ಕಲಿಸಿದ್ದ. ಗ್ವಾಡಿ ಮ್ಯಾಲಿಂದು, ಡಬ್ಬಿ ಮ್ಯಾಲಿಂದು ಎಲ್ಲಾ ಓದತಿದ್ದೆ. ಅಲ್ಲಿ ಮಾತ್ರ ಒಂದಕ್ಷರ ಬರಲಿಲ್ಲ. ಎಲ್ಲಾ ಆ ಕಡೆ ಮಾರಿ ಮಾಡಿ ನಿಂತಂಗ ಇದ್ದವು. ನಾ ಅಳಾಕ ಹತ್ತಿದೆ. ಕಲಿತದ್ದೆಲ್ಲಾ ಮರತು ಹೋತು ಅಂತ ಅತ್ತುಬಿಟ್ಟೆ."

"ನೀವಿಬ್ರೂ ಎಲ್ಲಿ ಕೂತಿದ್ರಿ ಅವ್ವ?" ಎಂದು ಕೇಳಿದವಳು ನಾನು.

"ಹಿಂದ."

"ಡೇರೆದಾಗ ಹಿಂದ?"

"ಪರದೆ ಹಿಂದ. ಮುಂದ ಮಂದಿ ನೋಡತಾರಲ್ಲ. ಅತ್ತಿ ಹೆಂಗ ಕೂಡತಾಳ ಅಲ್ಲಿ? ಪರದೆಗೆ ಒಬ್ಬಾವ ನೀರು ಹೊಡೀತಿದ್ದ, ತೊಯ್ದ ಅರಿವ್ಯಾಗ ಚಿತ್ರ ಈ ಕಡೆನೂ ಮೂಡತಿತ್ತು. ಕಥಿ ಹೇಳಾವ ಆ ಕಡೆ ನಿಂತು ಒದರತಿದ್ದ. ನಮಗ ಅವನ ದನಿ ಅಷ್ಟ ಕೇಳತಿತ್ತು."

ಹುಡುಗಿ ಎದ್ದು ನಿಂತಳು. "ಓ ಮೈ ಗಾಡ್. ಅಕ್ಕ, ಕನ್ನಡಿ! ಕನ್ನಡಿ ಎಲ್ಲಿದೆ?"

ಮಲಗುವ ಕೋಣೆಯ ಗೋಡೆಯಲ್ಲಿದ್ದ ಉದ್ದನೆಯ ಕನ್ನಡಿಯನ್ನು ಅವಳೇ ಕಿತ್ತು ತಂದಳು. ಅವ್ವನನ್ನು ಟಿವಿಗೆ ಬೆನ್ನು ಮಾಡಿ ಕೂರಿಸಿದಳು. ಎದುರಿಗೆ ಮೊಣಕಾಲೂರಿ, ಕನ್ನಡಿಯನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿದುಕೊಂಡಳು. ನಾನು ರಿಮೋಟು ಒತ್ತಿದೆ. ಬಾವಿ ಈಗ ಇನ್ನೊಂದು ಬದಿಗಿತ್ತು. ರಾಜ ಇನ್ನೊಂದು ಕಡೆಯಿಂದ ಬಂದ. ಕುಂಬಾರನ ಹೆಂಡತಿ ಬಟ್ಟಲು ತುಂಬಿ ಕೊಟ್ಟಳು. ಎಡಗೈಯಲ್ಲಿ.

ಅವ್ವ ಉಸಿರು ಬಿಟ್ಟದ್ದು ನನಗೆ ಕೇಳಿಸಿತು. "ನೋಡು, ನೋಡು" ಎಂದಳು. ಯಾರಿಗೆ ಹೇಳಿದಳೋ. ಆಮೇಲೆ, "ಅತ್ತಿ ನನ್ನ ಬಾಜೂಕ ಕೂತಿದ್ಲು. ಖರೇನ ಕೂತಿದ್ಲು" ಎಂದಳು. ಹುಡುಗಿ ಅಳುತ್ತಿದ್ದಳು, ಮೂಗು ಒರೆಸಿಕೊಳ್ಳಲು ಕೈ ಬಿಡುವಿರಲಿಲ್ಲ. ಟೇಪ್ ರೆಕಾರ್ಡರಿನ ಕೆಂಪು ದೀಪ ಉರಿಯುತ್ತಲೇ ಇತ್ತು. ಇದನ್ನು ಇಷ್ಟು ವಿವರವಾಗಿ ಬರೆಯಲು ಕಾರಣವಿದೆ. ಕನ್ನಡಿ ಹಿಡಿದವಳು ಅವಳು. ಅವಳಿಗೆ ಎಲ್ಲ ಗೊತ್ತಿತ್ತು.

ಕೆಲವು ವಾರಗಳ ನಂತರ ಅವಳ ಉಪನ್ಯಾಸವಿತ್ತು. ಅದನ್ನು ಕೇಳಲು ಕೆರೊಲಿನಾದ ಒಂದು ಕಾಲೇಜಿನವರು ಬರುವವರಿದ್ದರು. ಅವರಿಗೆ ಹಿಡಿಸಿದರೆ ಅವಳಿಗೆ ಕೆಲಸ, ವೀಸಾ, ಎಲ್ಲ. "ಅಮ್ಮ ಬರ್ಲೇಬೇಕು. ಅಮ್ಮನೇ ಸ್ಟಾರ್" ಎಂದು ಫೋನಿನಲ್ಲಿ ಹೇಳಿದಳು. ಅವ್ವ ಇಳಕಲ್ ಸೀರೆ ಉಟ್ಟಳು, ಮೇಲೆ ನನ್ನ ಗಂಡನ ದಪ್ಪ ಕೋಟು. ರೆಡ್ ಲೈನ್ ಮೆಟ್ರೋದಲ್ಲಿ ನಾವಿಬ್ಬರೂ ಹೋದೆವು. ದಾರಿಯುದ್ದಕ್ಕೂ ಅವಳು ಊರಿಗೆ ಹೋದ ಮೇಲೆ ಮಾವಂದಿರಿಗೆ ಹೇಗೆ ಹೇಳಬೇಕೆಂದು ಯೋಚಿಸುತ್ತಿದ್ದಳು. "ಮೊದಲ ಕನ್ನಡಿ ಇಡತೀನಿ ಅವರ ಮುಂದ. ಆಮ್ಯಾಲ ಮಾತು."

ಮುಂದಿನ ಸಾಲಿನಲ್ಲಿ ನಮಗೆ ಜಾಗ ಇಟ್ಟಿದ್ದಳು. ಉಪನ್ಯಾಸ ಇಂಗ್ಲಿಷಿನಲ್ಲಿ. ಅವ್ವನಿಗೆ ಇಂಗ್ಲಿಷು ಬಾರದು. ನಾನು ಕಿವಿಯಲ್ಲಿ ಹೇಳುತ್ತಿದ್ದೆ. ಕೈಗಳ ಬಗ್ಗೆ ಚೆನ್ನಾಗಿ ಮಾತಾಡಿದಳು, ಅದನ್ನು ಅಲ್ಲವೆನ್ನಲಾರೆ. ಆಮೇಲೆ, ಮಾತಿಲ್ಲದ ಚಿತ್ರವನ್ನು ನೋಡಿದವರು ತಮಗೆ ಬೇಕಾದ ಕಥೆಯನ್ನು ಅದರ ಮೇಲೆ ಬರೆದುಕೊಳ್ಳುತ್ತಾರೆ, ಕಣ್ಣು ಕಂಡದ್ದನ್ನು ನೀತಿ ತಿದ್ದುತ್ತದೆ ಎಂದಳು. ಉದಾಹರಣೆ ಕೊಡುತ್ತೇನೆ ಎಂದಳು. ನನ್ನ ಪಿಸುಮಾತು ಅಲ್ಲಿಗೆ ನಿಂತಿತು.

ಟೇಪಿನಲ್ಲಿ ಅವ್ವನ ದನಿ ಬಂತು. "ಎಡಗೈಲೇ ಕೊಟ್ಲು. ನಾ ಕಣ್ಣಾರೆ ನೋಡೀನಿ." ಅದರ ಇಂಗ್ಲಿಷ್ ಅರ್ಥ ಪರದೆಯ ಮೇಲೆ ಮೂಡಿತು. ಅವ್ವ ತನ್ನದೇ ದನಿ ಕೇಳಿ ಮುಗುಳ್ನಕ್ಕು ಸೆರಗು ಸರಿಮಾಡಿಕೊಂಡಳು. ಟೇಪು ನಿಂತಿತು. ಚಿತ್ರ ಶುರುವಾಯಿತು. ಬಾವಿ, ರಾಜ, ಬಟ್ಟಲು, ಬಲಗೈ. ಚಿತ್ರ ಅಲ್ಲಿಯೇ ಸ್ತಬ್ಧವಾಯಿತು.

ಸಭೆ ನಕ್ಕಿತು. ಕೆಟ್ಟ ನಗೆಯಲ್ಲ, ಮುದುಕರ ಬಗ್ಗೆ ನಗುವ ಮೆತ್ತನೆಯ ನಗೆ. ಹೆಂಡತಿಯ ಮೇಲೆ ಗಂಡನಿಗೆ ಅನುಮಾನ ಬಂದದ್ದರಿಂದ, ಈ ಪ್ರೇಕ್ಷಕಿ ತನ್ನ ನೆನಪಿನಲ್ಲಿ ಅವಳ ಕೈಯನ್ನು ಅಶುಭದ ಕೈಯಾಗಿ ಬದಲಿಸಿಕೊಂಡಳು ಎಂದು ಹುಡುಗಿ ವಿವರಿಸಿದಳು. ಕನ್ನಡಿಯ ಮಾತು ಬರಲಿಲ್ಲ. ಪರದೆಯ ಹಿಂದೆ ಕೂತದ್ದು ಬರಲಿಲ್ಲ. ಈಗ ಬರಬಹುದು, ಈಗ ಬರಬಹುದು ಎಂದು ನಾನು ಕೊನೆಯ ತನಕ ಕಾದೆ.

ಅವ್ವನಿಗೆ ನಾನು ಏನನ್ನೂ ಅನುವಾದಿಸಲಿಲ್ಲ. ಅವಳಿಗೆ ಬೇಕಾಗಲೂ ಇಲ್ಲ. ಅವಳ ದನಿ, ಆ ಬಲಗೈ, ಆ ನಗೆ, ಈ ಮೂರನ್ನು ಒಂದರ ಪಕ್ಕ ಒಂದು ಇಟ್ಟರೆ ಯಾವ ಭಾಷೆಯಲ್ಲೂ ಒಂದೇ ಅರ್ಥ. ಚಿಕ್ಕಂದಿನಲ್ಲಿ ಊಟದ ಪಂಕ್ತಿಯಲ್ಲಿ ಕೂತಿದ್ದಾಗ ಅವಳು ಕೇಳಿದ್ದ ನಗೆಯೇ ಅದು.

ಪ್ರಶ್ನೆ ಕೇಳುವ ಹೊತ್ತಿನಲ್ಲಿ ನಾನು ಕೈ ಎತ್ತಿದೆ. ಅವಳು ನನ್ನನ್ನು ನೋಡಿದಳು. ನೋಡಿ, ನನ್ನ ಹಿಂದಿನ ಸಾಲಿನವರತ್ತ ಬೆರಳು ಮಾಡಿದಳು. ಮತ್ತೆ ಎತ್ತಿದೆ. ಸಮಯವಾಯಿತು ಎಂದರು ಯಾರೋ. ಹೊರಗೆ ಮೇಜಿನ ಮೇಲೆ ಚಹಾ, ಬಿಸ್ಕತ್ತು ಇಟ್ಟಿದ್ದರು. ಅವಳ ಸುತ್ತ ಜನ ನಿಂತು ಕೈಕುಲುಕುತ್ತಿದ್ದರು. ನಾವು ಹೊರಟೆವು.

ಮೆಟ್ರೋದಲ್ಲಿ ಅವ್ವ ಕಿಟಕಿಯ ಪಕ್ಕ ಕೂತಿದ್ದಳು. "ಟೇಪಿನ ಮುಂದಿಂದು ಯಾಕ ಹಚ್ಚಲಿಲ್ಲ ಅಕಿ?" ಎಂದು ಕೇಳಿದಳು.

"ಟೈಮ್ ಇರಲಿಲ್ಲೇನೋ ಅವ್ವ."

"ಟೈಮ್ ಇತ್ತಲ್ಲ. ಆಮ್ಯಾಲ ಎಲ್ಲಾರೂ ಚಾ ಕುಡದ್ರು."

ಮನೆ ಹತ್ತಿರದ ನಿಲ್ದಾಣದಲ್ಲಿ ಇಳಿದೆವು. ಮೆಟ್ಟಿಲೇರುವಾಗ ನನ್ನ ತೋಳು ಹಿಡಿದುಕೊಂಡು, "ನಮ್ಮ ಅತ್ತಿಗೆ ಬ್ಯಾರೆ ದಾರಿ ಇರಲಿಲ್ಲ. ಖರೇ ಹೇಳಿದ್ರ ಅಕಿನ್ನ ಮನಿ ಬಿಟ್ಟು ಹೊರಗ ಹಾಕತಿದ್ರು. ಅದನ್ನ ನಾ ದೊಡ್ಡಾಕಿ ಆದ ಮ್ಯಾಲ ತಿಳಕೊಂಡೆ" ಎಂದಳು. ಈ ಹುಡುಗಿಯ ಬಗೆಗಿನ ಇನ್ನರ್ಧ ಮಾತನ್ನು ಅವಳು ಹೇಳಲಿಲ್ಲ.

ಹುಡುಗಿ ಎರಡು ಶುಕ್ರವಾರ ಬರಲಿಲ್ಲ. ಮೂರನೆಯದಕ್ಕೆ ಬಂದಳು. ಕೈಯಲ್ಲಿ ಒಂದು ಹೂಗುಚ್ಛ, ಅಂಗಡಿಯ ಪ್ಲಾಸ್ಟಿಕ್ಕು ಇನ್ನೂ ಬಿಚ್ಚಿರಲಿಲ್ಲ. ಕೆಲಸ ಸಿಕ್ಕಿತ್ತು. ಆ ಸುದ್ದಿಯನ್ನು ಬಾಗಿಲಲ್ಲೇ ಹೇಳಿ, ನನ್ನ ಮುಖ ನೋಡಿ, ಬಂದು ಸೋಫಾದ ತುದಿಯಲ್ಲಿ ಕೂತಳು. ಅವ್ವ ಒಳಗಿದ್ದಳು.

"ನೀನೇ ಕನ್ನಡಿ ಹಿಡ್ಕೊಂಡಿದ್ದೆ" ಎಂದೆ.

"ಅಕ್ಕ, ಪ್ಲೀಸ್. ಹಿಂದೆ ಕೂತಿದ್ರು ಅಂತ ಹೇಳಿಬಿಟ್ರೆ ಆ ಆರ್ಗ್ಯುಮೆಂಟೇ ನಿಲ್ಲಲ್ಲ. ಅಡ್ವೈಸರ್‌ಗೆ ಅದೇ ಭಾಗ ಇಷ್ಟ ಆಗಿದ್ದು. ಅದು ಅಮ್ಮನ ಬಗ್ಗೆ ಅಲ್ಲವೇ ಅಲ್ಲ, ಮೆಮೊರಿ ಬಗ್ಗೆ. ಹೆಸರು ಕೂಡ ಹೇಳ್ಲಿಲ್ಲ ನಾನು."

"ಮುಂದಿನ ಸಾಲಲ್ಲಿ ಕೂರಿಸಿದ್ಯಲ್ಲೇ."

"ಅಮ್ಮಂಗೆ ಇಂಗ್ಲಿಷ್ ಬರಲ್ಲ ಅಂತ..." ಎಂದವಳು ಅಲ್ಲಿಗೆ ನಿಲ್ಲಿಸಿದಳು. ತಾನು ಏನು ಹೇಳಿದೆನೆಂದು ಅವಳಿಗೂ ಕೇಳಿಸಿರಬೇಕು.

"ನಾನು ಕೈ ಎತ್ತಿದೆ."

"ನಾನು ನೋಡ್ಲಿಲ್ಲ ಅಕ್ಕ."

ಅವಳು ನೋಡಿದ್ದಳು. ಅದನ್ನು ಅವತ್ತೂ ಹೇಳಿದೆ, ಈಗಲೂ ಹೇಳುತ್ತೇನೆ.

ಅಷ್ಟರಲ್ಲಿ ಅವ್ವ ಅಡುಗೆಮನೆಯಿಂದ ಬಂದಳು. ಮನೆಗೆ ಬಂದವರಿಗೆ ಮೊದಲು ನೀರು ಕೊಡುವುದು ನಮ್ಮಲ್ಲಿ ತಪ್ಪದ ಪದ್ಧತಿ; ಜಗಳವಾಡಲು ಬಂದವನಿಗೂ ಕೊಡುತ್ತೇವೆ. ಸ್ಟೀಲಿನ ಲೋಟದ ತುಂಬ ನೀರಿತ್ತು. ನಿಧಾನವಾಗಿ ನಡೆದು ಬಂದು ಹುಡುಗಿಯ ಎದುರು ನಿಂತಳು. ಲೋಟ ಮುಂದೆ ಚಾಚಿದಳು.

ಎಡಗೈಯಲ್ಲಿ.

ಬಲಗೈ ಖಾಲಿ ಇತ್ತು. ಸೆರಗು ಹಿಡಿದಿರಲಿಲ್ಲ, ಸೋಫಾಕ್ಕೆ ಊರಿರಲಿಲ್ಲ. ಸುಮ್ಮನೆ ಪಕ್ಕಕ್ಕೆ ಇಳಿಬಿಟ್ಟಿದ್ದಳು. ನಾನು ಚೆನ್ನಾಗಿ ನೋಡಿದೆ. ಕಾಯಿಲೆಯವರಿಗೆ ಔಷಧ ಕೊಡುವಾಗಲೂ, ಅವಸರದಲ್ಲಿ ಚಿಲ್ಲರೆ ಕೊಡುವಾಗಲೂ ನನ್ನ ತಾಯಿ ಎಡಗೈ ಚಾಚಿದ್ದನ್ನು ನಾನು ಅದುವರೆಗೆ ಕಂಡಿರಲಿಲ್ಲ. ಅವಳ ಮುಖದಲ್ಲಿ ಸಿಟ್ಟೂ ಇರಲಿಲ್ಲ.

ಹುಡುಗಿ ಆ ಕೈಯನ್ನು ನೋಡಿದಳು. ಕೈಗಳನ್ನು ಓದುವುದೇ ಅವಳ ವಿದ್ಯೆ. ಕೆನ್ನೆಯ ಕೆಂಪು ಕಿವಿಯವರೆಗೆ ಹರಡಿತು. ಎರಡೂ ಕೈಯಲ್ಲಿ ಲೋಟ ತೆಗೆದುಕೊಂಡಳು, ಪೂರ್ತಿ ಕುಡಿದಳು, ಲೋಟವನ್ನು ಟೀಪಾಯಿಯ ಮೇಲಿಟ್ಟು, "ಬರ್ತೀನಿ ಅಮ್ಮ" ಎಂದಳು. ಮೆಟ್ಟಿಲಿಳಿಯುವ ಸದ್ದು ಕೇಳಿಸಿತು. ಹೂಗುಚ್ಛ ಸೋಫಾದ ಮೇಲೆಯೇ ಇತ್ತು.

ಅವ್ವ ಲೋಟ ಎತ್ತಿಕೊಂಡು ಒಳಗೆ ಹೋಗಿ ತೊಳೆಯತೊಡಗಿದಳು. ನಾನು ಬಾಗಿಲಲ್ಲಿ ನಿಂತೆ. ನೀರಿನ ಸದ್ದಿನ ನಡುವೆ, ತಿರುಗಿ ನೋಡದೆಯೇ ಕೇಳಿದಳು.

"ನೀ ನೋಡಿದಿ, ಹೌದಲ್ಲ?"

"ನೋಡಿದೆ ಅವ್ವ."

"ಯಾವ ಕೈ?"

"ಎಡಗೈ."

"ಹಾಂ" ಎಂದಳು ಅವ್ವ. "ಯಾರರ ಕೇಳಿದ್ರ ಹೇಳು."